ಮರಿ ಹಾರುವವರೆಗೆ

ಆ ಹೆಂಗಸು ಇವತ್ತೂ ಬಂಡೆಯ ಬುಡದಲ್ಲಿ ದುರ್ಬೀನು ಹಿಡಿದು ಕೂತಿದ್ದಳು. ಗಾರ್ಡಿಗೆ ಮೈಯೆಲ್ಲ ಉರಿಯಿತು.

ರಾಷ್ಟ್ರೀಯ ಉದ್ಯಾನದ ಈ ಕಲ್ಲಿನ ಶಿಖರ ಹತ್ತಲು ಜನ ಮುಗಿಬೀಳುತ್ತಾರೆ. ಆದರೆ ನೆತ್ತಿಯ ಹತ್ತಿರ ಗಿಡುಗ ಗೂಡು ಕಟ್ಟಿತೋ, ಮರಿ ಹಾರುವವರೆಗೆ ಹತ್ತುವುದು ಬಂದ್. ಹೊಸದಾಗಿ ವರ್ಗವಾಗಿ ಬಂದ ಗಾರ್ಡಿಗೆ ಮೇಲಿನವರು ಹೇಳಿದ್ದು ಒಂದೇ ಮಾತು: ಮರಿ ಕದಿಯುವವರಿದ್ದಾರೆ, ಹುಷಾರು. ಗೂಡಿಗೆ ಏನಾದರೂ ಆದರೆ ಅವನ ಕೆಲಸಕ್ಕೇ ಸಂಚಕಾರ.

ಆಕೆಯ ಲಕ್ಷಣವೂ ಹಾಗೇ ಇತ್ತು. ದುರ್ಬೀನು ಗೂಡಿನ ಕಡೆಯಿಂದ ಅಲ್ಲಾಡದು. ಮಡಿಲಲ್ಲೊಂದು ಮಡಚಿದ ಉಣ್ಣೆಯ ಶಾಲು. ಎಷ್ಟೇ ಚಳಿಗಾಳಿ ಬೀಸಿದರೂ ಹೊದೆಯುವುದಿಲ್ಲ. ಮರಿಯನ್ನು ಸುತ್ತಿಕೊಂಡು ಹೋಗಲಿಕ್ಕೆ, ಇನ್ನೇನಕ್ಕೆ, ಎಂದುಕೊಂಡಿದ್ದ ಗಾರ್ಡ್.

ಮೊದಲ ದಿನ ಆಕೆ ಏದುಸಿರು ಬಿಡುತ್ತ ಓಡಿ ಬಂದಿದ್ದಳು.

“ಒಂದೇ ಸಲ ಹತ್ತಿ ಇಳಿದುಬಿಟ್ರೆ?”

“ಒಂದೇ ಸಲ ಸಾಕಮ್ಮ. ತಾಯಿ ಹೆದರಿ ಹಾರಿಹೋದ್ರೆ ಮತ್ತೆ ಬರಲ್ಲ. ಮರಿ ಹಸಿವಿಂದ ಸಾಯುತ್ತೆ.”

ಆಕೆ ಬಾಯಿಗೆ ಬಂದದ್ದನ್ನು ನುಂಗಿಕೊಂಡಳು. “ತಾಯಿ ಇರೋವಾಗ್ಲೇ ಮರಿ ಸಾಯ್ಬಾರ್ದು,” ಎಂದು ಹೋಗಿ ಬುಡದಲ್ಲಿ ಕೂತಳು.

ಅವತ್ತಿನಿಂದ ದಿನವೂ ಅದೇ ಪ್ರಶ್ನೆ: “ಮರಿ ಯಾವಾಗ ಹಾರುತ್ತಪ್ಪ?” ಒಮ್ಮೆ ಇಬ್ಬರು ತರುಣರು ಹಗ್ಗ ಹೊತ್ತು ಕದ್ದು ನುಸುಳಿದಾಗ ಆಕೆಯೇ ಅಡ್ಡ ನಿಂತು ಛೀಮಾರಿ ಹಾಕಿ ಓಡಿಸಿದ್ದಳು. ತಾನು ಕದಿಯೋ ಮರಿಗೆ ತಾನೇ ಕಾವಲು ಅಂತ ಗಾರ್ಡ್ ಒಳಗೊಳಗೇ ನಕ್ಕಿದ್ದ.

ಇವತ್ತು ಮರಿ ಗೂಡಿನ ಅಂಚಿಗೆ ಬಂತು. ರೆಕ್ಕೆ ಬಡಿಯಿತು, ಹಿಂಜರಿಯಿತು. ಆಮೇಲೆ ಧುಮುಕಿತು. ಕಲ್ಲಿನಂತೆ ಬಿದ್ದದ್ದು ಅರ್ಧ ದಾರಿಯಲ್ಲಿ ಗಾಳಿ ಸಿಕ್ಕು ಮೇಲೇರಿ, ಕಾಡಿನಾಚೆ ಮರೆಯಾಯಿತು.

ಆಕೆ ದುರ್ಬೀನು ಇಳಿಸಿ ಬಿಕ್ಕಿ ಬಿಕ್ಕಿ ಅತ್ತಳು. ಗಾರ್ಡಿಗೆ ನಾಚಿಕೆಯಾಯಿತು. ಪಾಪ, ಹಕ್ಕಿಯ ಹುಚ್ಚಿನ ಹೆಂಗಸನ್ನು ಕಳ್ಳಿ ಅಂದುಕೊಂಡೆನಲ್ಲ.

“ಹಾರಿತಲ್ಲಮ್ಮ. ಇನ್ಯಾಕೆ ಅಳ್ತೀರಿ?”

“ಇನ್ನು ನಿಮ್ಮವರು ಹತ್ತಬಹುದಲ್ವಾಪ್ಪ?”

“ಹತ್ತಬಹುದು. ಯಾಕೆ?”

ಆಕೆ ದುರ್ಬೀನನ್ನು ಅವನ ಕೈಗಿಟ್ಟಳು.

“ಗೂಡಿನ ಕೆಳಗೆ ಬಿರುಕಲ್ಲಿ ನೀಲಿ ಅಂಗಿ ಕಾಣುತ್ತಾ? ಚಳಿಗಾಲದಲ್ಲಿ ಹತ್ತೋಕೆ ಹೋದವನು ಎಷ್ಟು ಹುಡುಕಿದ್ರೂ ಸಿಗಲಿಲ್ಲ ಅಂತ ನಿಮ್ಮವರು ಕೈಬಿಟ್ರಲ್ಲ, ಅವನು ನನ್ನ ಮಗ.”