ಗೂಟಕ್ಕೆ ಕಟ್ಟಿದ ಜಾಗ

ನೆಲಕ್ಕೆ ಕಾಲು ಬಂದ ಮೇಲೆ ಜನ ತಮ್ಮ ಹೊಲ, ಮನೆಗಳನ್ನು ಗೂಟಕ್ಕೆ ಕಟ್ಟಿಯೇ ಮಲಗುತ್ತಿದ್ದರು. ಆದರೆ ಫಕೀರವ್ವ ಮೈದುನನ ಮೇಲೆ ದಾವೆ ಹೂಡಿದ್ದ ಜಾಗಕ್ಕೆ ಒಡೆಯರು ಯಾರೆಂದೇ ತೀರ್ಮಾನವಾಗಿರಲಿಲ್ಲ; ಕಟ್ಟುವ ಹಕ್ಕು ಯಾರಿಗೂ ಇರಲಿಲ್ಲ. ಹೇಳೋರು ಕೇಳೋರು ಇಲ್ಲದ ಆ ಜಾಗ ಬೀದಿ ಬಸವನಂತೆ ಅಲೆದು ಮಹಾರಾಷ್ಟ್ರದ ಗಡಿಗೆ ಬಂದು ನಿಂತಿತ್ತು. ದಾಟಿದರೆ ದಾವೆ ಅಲ್ಲಿ ಮೊದಲಿನಿಂದ ಶುರು. ಗಡಿ ತಾಲ್ಲೂಕಿನ ಕೋರ್ಟು ಮಾತ್ರ ವಾಯಿದೆಯ ಮೇಲೆ ವಾಯಿದೆ ಕೊಡುತ್ತಿತ್ತು. ಫಕೀರವ್ವ ಸೀದಾ ಹೈಕೋರ್ಟಿನ ಮೆಟ್ಟಿಲು ಹತ್ತಿದಳು.

“ಇಷ್ಟು ವರ್ಷ ಕಾದಿದ್ದೀರಿ, ಈಗೇನಮ್ಮ ಅವಸರ?” ಎಂದರು ನ್ಯಾಯಮೂರ್ತಿಗಳು.

“ಅವಸರ ನನಗಿಲ್ರಿ ಸಾಹೇಬ್ರ, ಜಾಗಕ್ಕೈತ್ರಿ.”

ನ್ಯಾಯಮೂರ್ತಿಗಳಿಗೆ ನಗು ತಡೆಯಲಾಗಲಿಲ್ಲ. ತಾಲ್ಲೂಕು ಕೋರ್ಟು ಆರು ತಿಂಗಳಲ್ಲಿ ತೀರ್ಪು ಕೊಡಬೇಕು, ಅಲ್ಲಿಯತನಕ ಜಾಗವನ್ನು ಕಟ್ಟಿಹಾಕಬೇಕು ಎಂದು ಆದೇಶವಾಯಿತು. ಫಕೀರವ್ವ ಹೊಸ ಹಗ್ಗ ತಂದು ಕೈಯಾರೆ ಕಟ್ಟಿ, ಮರುದಿನ ಆದೇಶ ಹಿಡಿದು ತಾಲ್ಲೂಕು ಕೋರ್ಟಿಗೆ ಹೋದಳು. ಬಟಾಬಯಲಲ್ಲಿ ಅವಳ ವಕೀಲರೊಬ್ಬರೇ ಕೊಡೆ ಹಿಡಿದು ನಿಂತಿದ್ದರು.

“ಕೋರ್ಟ್ ಎಲ್ರಿ ವಕೀಲ್ರ?”

“ನಿನ್ನೆ ರಾತ್ರಿನ ಗಡಿ ದಾಟಿ ಹೋಗೇತಿ, ಯವ್ವಾ,” ಎಂದರು ವಕೀಲರು. “ಅದನ್ನ ಕಟ್ಟರಿ ಅಂತ ಯಾರೂ ಆರ್ಡರ್ ತಂದಿದ್ದಿಲ್ಲಲ್ಲ!”