ಬಂದರಿನ ಅಜ್ಜಿ ಕೊಟ್ಟ ಸೊಪ್ಪು

"ಇವತ್ತೊಂದಿನ ಒಲೆ ನನಗೆ ಬಿಡು," ಎಂದ ಗೋಣೆಪ್ಪ.

ಊದುಗೊಳವೆ ಹಿಡಿದಿದ್ದ ಬಂಗಾರಮ್ಮ ತಿರುಗಿ ಗಂಡನನ್ನು ನೋಡಿದಳು. "ಗಂಡಸ್ರು ಒಲೆ ಮುಂದೆ ಕೂತ್ರೆ ನೋಡಿದೋರು ಏನಂದಾರು?"

"ನೋಡಾಕೆ ಯಾರು ಬರ್ತಾರೆ? ಏಳು, ಏಳು."

ಅವಳು ಎದ್ದು ಗೋಡೆಗೆ ಒರಗಿ ನಿಂತಳು. ಮೂರು ವರ್ಷ ಪಲ್ಟನ್ನಿನಲ್ಲಿದ್ದ ಗೋಣೆಪ್ಪ ಜಪಾನಿನಿಂದ ತನ್ನೂರು ಗೋವಿನಕೋವಿಗೆ ಮರಳಿ ಇಪ್ಪತ್ತು ದಿನವಾಗಿತ್ತು. ಬಂಗಾರಮ್ಮ ನೀರು ಕಾಯಿಸಿ ಕೊಡುತ್ತಿದ್ದಳು, ಬಿಸಿ ಬಿಸಿ ರೊಟ್ಟಿ ಬಡಿದು ಹಾಕುತ್ತಿದ್ದಳು, ಯಾವುದಕ್ಕೂ ಕಡಿಮೆ ಮಾಡಿರಲಿಲ್ಲ. ಆದರೆ ಅವನ ಕೈಯಿಂದ ಮಾತ್ರ ಏನನ್ನೂ ಇಸಕೊಳ್ಳುತ್ತಿರಲಿಲ್ಲ. ಹೊನ್ನಾಳಿ ಸಂತೆಯಿಂದ ಕುಪ್ಪಸದ ಕಣ ತಂದರೆ "ಅಲ್ಲಿ ಇಡ್ರಿ" ಅಂದಳು. ಎಲೆ ಅಡಿಕೆ ಮಡಿಸಿ ಕೊಡಹೋದರೂ "ಅಲ್ಲಿ ಇಡ್ರಿ". ತನ್ನ ಮೇಲಿನ ಮನಸ್ಸೇ ಇವಳಿಗೆ ಹೊರಟುಹೋಗಿದೆಯೋ ಏನೋ ಎಂದು ಗೋಣೆಪ್ಪ ಒಳಗೊಳಗೇ ಕೊರಗಿದ. ಬಾಯಿಬಿಟ್ಟು ಕೇಳಲು ಧೈರ್ಯ ಬರಲಿಲ್ಲ. ಕೊನೆಗೆ ನಿನ್ನೆ ಟ್ರಂಕಿನ ತಳದಿಂದ ಒಂದು ಒಣ ಸೊಪ್ಪಿನ ಕಟ್ಟು ತೆಗೆದು ನೀರಲ್ಲಿ ನೆನೆಹಾಕಿದ್ದ.

"ಇದೇನ್ರೀ, ಕಸಬರಿಗೆ ಕಡ್ಡಿ ಇದ್ದಂಗೈತೆ?"

"ಜರಿಗಿಡದ ಚಿಗುರು. ಎಲೆ ಬಿಚ್ಚಾಕೆ ಮುಂಚೆ ತುದೀಗೆ ಸುರುಳಿ ಸುತ್ಕೊಂಡಿರ್ತದಲ್ಲ, ಆವಾಗ್ಲೇ ಮುರಿದು, ಬೇಯಿಸಿ, ಒಣಗಿಸಿದ್ದು. ಕೊರಿಯಾ ದೇಶದ ಅಜ್ಜಿ ಒಬ್ಬಾಕೆ ಕೊಟ್ಲು."

"ಅಯ್ಯೋ! ಜರಿಗಿಡಾನ ದನಾನೂ ಮೂಸಾಕಿಲ್ಲ."

"ಹಂಗೇ ತಿಂದ್ರೆ ಕೆಡುಕೇ. ನೀರು ಬದಲಾಯಿಸಿ ಬದಲಾಯಿಸಿ ಅದರ ಕಹಿ ತೆಗೀಬೇಕು."

ಮಹಾಯುದ್ಧದಲ್ಲಿ ಜಪಾನ್ ಸೋತ ಮೇಲೆ ಬ್ರಿಟಿಷರ ಸೈನ್ಯದಲ್ಲಿದ್ದ ಅವನ ಪಲ್ಟನ್ನು ಜಪಾನಿನ ಒಂದು ಬಂದರಿನಲ್ಲಿ ಕಾವಲಿಗಿತ್ತು. ಅಲ್ಲಿ ಸ್ವಂತ ದೇಶಕ್ಕೆ ಹೋಗುವ ಹಡಗಿಗಾಗಿ, ಜಪಾನಿಗೆ ದುಡಿಯಲು ಬಂದಿದ್ದ ಕೊರಿಯಾದ ಸಂಸಾರಗಳು ಚಾಪೆ ಹಾಸಿಕೊಂಡು ಕಾದು ಕೂತಿದ್ದವು. ಅವರಲ್ಲಿ ಈ ಅಜ್ಜಿ ಗುಡ್ಡಕ್ಕೆ ಹೋಗಿ ಚಿಗುರು ಮುರಿದು ತಂದು ಒಣಗಿಸುತ್ತಿದ್ದಳು. ಗೋಣೆಪ್ಪ ದಿನಾ ಅವಳಿಗೆ ಒಂದಿಷ್ಟು ಅನ್ನ ಒಯ್ದು ಕೊಡುತ್ತಿದ್ದ. ಒಬ್ಬರ ಮಾತು ಒಬ್ಬರಿಗೆ ತಿಳಿಯದು. ಆದರೂ ಅಜ್ಜಿ ಪಕ್ಕದಲ್ಲಿ ಕೂರಿಸಿಕೊಂಡು ಇದರ ಅಡುಗೆ ಕಲಿಸಿದಳು. ಅವಸರ ಮಾಡಿದರೆ ಮುಂಗೈಗೆ ಪಟ್ಟನೆ ಹೊಡೆಯುವಳು. ಹಡಗು ಬಂದ ದಿನ ಈ ಕಟ್ಟನ್ನು ಅವನ ಎದೆಗೊತ್ತಿ, ತನ್ನ ಮಣಿಕಟ್ಟಿನ ಸುತ್ತ ಬೆರಳಾಡಿಸಿ ತೋರಿಸಿದ್ದಳು. ಊರಲ್ಲಿ ಬಳೆ ತೊಟ್ಟವಳಿಗೆ ಕೊಡು, ಅಂತ.

ಗೋಣೆಪ್ಪ ನೆನೆದ ಸೊಪ್ಪನ್ನು ಒಲೆಯ ಮೇಲೆ ಬೇಯಿಸಿ, ದಂಟನ್ನು ಉಗುರಿನಿಂದ ಚಿವುಟಿ ನೋಡಿದ. ನೀರು ಬಸಿದ, ತಣ್ಣೀರಲ್ಲಿ ಮೂರು ಸಲ ಜಾಲಿಸಿದ, ಅಂಗೈಗಳ ನಡುವೆ ಗಟ್ಟಿಯಾಗಿ ಹಿಂಡಿ ಈಳಿಗೆಯಲ್ಲಿ ಬೆರಳುದ್ದ ಹೆಚ್ಚಿದ. ಎಳ್ಳೆಣ್ಣೆಗೆ ಜಜ್ಜಿದ ಬೆಳ್ಳುಳ್ಳಿ ಹಾಕಿ, ಘಮ ಏಳುವಷ್ಟರಲ್ಲಿ ಸೊಪ್ಪು ಸುರಿದು ಬಾಡಿಸಿದ. ಅಜ್ಜಿ ಇದಕ್ಕೆ ಯಾವುದೋ ಕಾಳಿನ ಕರೀ ರಸ ಹಾಕುತ್ತಿದ್ದಳು. ಅದೆಲ್ಲಿ ತರುವುದು? ಮಾತಾಡುತ್ತಲೇ, ಬಾಣಲೆಯ ಕಡೆ ನೋಡದೆಯೇ, ಮೂರು ಬೆರಳಲ್ಲಿ ಉಪ್ಪು ಉದುರಿಸಿದ. ಉರಿ ಜಾಸ್ತಿಯಾಯಿತೆಂದು ಒಂದು ಕೊಳ್ಳಿಯನ್ನು ಹಿಂದಕ್ಕೆಳೆದ. ಹುರಿದ ಎಳ್ಳನ್ನು ಅಂಗೈಯಲ್ಲೇ ಉಜ್ಜಿ ಮೇಲೆ ಚೆಲ್ಲಿದ.

ಬಂಗಾರಮ್ಮ ಯಾವಾಗಲೋ ಗೋಡೆ ಬಿಟ್ಟು ಒಲೆಯ ಹತ್ತಿರ ಬಂದು ಕೂತಿದ್ದಳು.

"ರೀ, ಇದು ಒಬ್ಬ ಅಜ್ಜಿ ಹತ್ರ ನಾಕು ದಿನ ಕಲ್ತ ಕೈ ಅಲ್ಲ. ಪಲ್ಟನ್ನಾಗೆ ನಿಮ್ಮ ಕೆಲ್ಸ ಏನಿತ್ತು? ನಿಜ ಹೇಳ್ರಿ."

ಸೌಟು ಬಾಣಲೆಯಲ್ಲೇ ನಿಂತಿತು. ಮುಂದಿನ ಸಾಲಿನಲ್ಲಿ ಬಂದೂಕು ಹಿಡಿದು ಶತ್ರುಗಳನ್ನು ಉರುಳಿಸುತ್ತಿದ್ದೇನೆ ಎಂದು ಗೋಣೆಪ್ಪ ಊರಿಗೆ ಕಾಗದ ಬರೆಸಿದ್ದ. ದಾಸಪ್ಪ ಮೇಷ್ಟ್ರು ಅದನ್ನು ಕಟ್ಟೆಯ ಮೇಲೆ ಎಲ್ಲರ ಎದುರು ಓದಿದ್ದರು. ಈಗಲೂ ಅವನನ್ನು ಕಂಡರೆ ಊರ ಜನ ಸರಿದು ಜಾಗ ಕೊಡುತ್ತಿದ್ದರು.

"ಅಡುಗೆ," ಎಂದ ಸಣ್ಣ ದನಿಯಲ್ಲಿ. "ಮೂರು ವರ್ಷಾನೂ ಅಡುಗೇನೇ. ಬಂದೂಕು ನನ್ನ ಕೈಗೆ ಯಾರೂ ಕೊಡ್ಲೇ ಇಲ್ಲ. ಹೇಳ್ಕೊಳ್ಳಾಕೆ ನಾಚಿಕೆ ಆತು, ಹಂಗೆ ಬರೆಸ್ದೆ."

ಈಗ ನಗುತ್ತಾಳೆ ಎಂದು ತಲೆ ತಗ್ಗಿಸಿ ಕಾದ. ನಗು ಕೇಳಿಸಲಿಲ್ಲ. ಮುಖವೆತ್ತಿದರೆ ಬಂಗಾರಮ್ಮ ಸೆರಗನ್ನು ಬಾಯಿಗೊತ್ತಿಕೊಂಡು ಅಳುತ್ತಿದ್ದಳು.

"ಆ ಕಾಗದ ಕೇಳಿದಾಗಿಂದ ನನಗೆ ತುತ್ತು ಇಳೀತಿರಲಿಲ್ಲ ರೀ. ಯಾವ ತಾಯಿ ಮಗನೋ, ಯಾವಾಕೆ ಗಂಡನೋ ಅಂತ. ನೀವು ಬಂದ್ರಿ, ಜೀವ ಬಂದಂಗಾತು. ಆದ್ರೆ ನಿಮ್ಮ ಕೈ ನೋಡಿದ್ರೆ ಎದೆ ಝಲ್ಲನ್ನೋದು." ಅವಳು ಮೂಗೊರೆಸಿಕೊಂಡಳು. "ಒಬ್ಬರನ್ನೂ...?"

"ಒಬ್ಬರನ್ನೂ ಇಲ್ಲ. ನಿನ್ನಾಣೆ."

ಅವಳು ಬಲ ಅಂಗೈ ಚಾಚಿದಳು. ಗೋಣೆಪ್ಪ ಒಂದಿಷ್ಟು ಸೊಪ್ಪು ತೆಗೆದು, ಊದಿ ಆರಿಸಿ, ಅದರ ಮೇಲಿಟ್ಟ. ಅವನ ಬೆರಳು ತಾಕಿದರೂ ಕೈ ಸರಿಯಲಿಲ್ಲ. ಬಂಗಾರಮ್ಮ ಅನುಮಾನದಿಂದಲೇ ಬಾಯಿಗೆ ಹಾಕಿಕೊಂಡು ಬಹಳ ಹೊತ್ತು ಅಗಿದಳು.

"ಮೊದಲ ಮಳೆ ಮಣ್ಣಿನ ವಾಸನೆ ಐತೆ. ಎಳ್ಳು ಚೆನ್ನಾಗಿ ಹೊಂದೈತೆ. ಇನ್ನೊಂಚೂರು ಹಾಕ್ರಿ."

"ನೋಡು, ಊರಾಗೆ ಯಾರಿಗೂ ಹೇಳ್ಬೇಡ. ಇದ್ದ ಮರ್ಯಾದೆ ಹೋಗ್ತದೆ."

"ನಾನ್ಯಾಕೆ ಹೇಳಾಕೆ ಹೋಗ್ಲಿ?"

ಕಣ್ಣೊರೆಸಿಕೊಂಡು ಎದ್ದು ಹಿತ್ತಿಲ ಬಾಗಿಲವರೆಗೆ ಹೋದಳು. ಅಲ್ಲಿ ಒಂದು ಗಳಿಗೆ ನಿಂತಳು. ತಡೆಯಲಾಗಲಿಲ್ಲ. ಪಕ್ಕದ ಮನೆಯ ಗೋಡೆಯಾಚೆ ಕತ್ತು ಚಾಚಿ, ಕೇರಿಗೆಲ್ಲ ಕೇಳುವಂತೆ ಕೂಗಿದಳು:

"ರುದ್ರಾಣಕ್ಕಾ! ಕೇಳಿಲ್ಲಿ! ನಮ್ಮನೇರು ಯಾರನ್ನೂ ಕೊಂದಿಲ್ವಂತೆ!"