ಕೊನೇ ಬೆಂಚಿನ ತೀರ್ಪು

"ನಿಮ್ಮನ್ನ ಖಾಯಂ ಮಾಡೋ ವಿಷಯ ಮುಂದಿನ ಮೀಟಿಂಗ್‌ನಲ್ಲಿ ಖಂಡಿತ ಇಡೋಣ ಟೀಚರ್," ಎಂದರು ಶಾಲೆಯ ಸೆಕ್ರೆಟರಿ, ಎಂದಿನ ಬೆಣ್ಣೆ ಮಾತಿನಲ್ಲಿ. ಈ ಮುಂದಿನ ಮೀಟಿಂಗ್ ಅನ್ನುವುದು ಎಷ್ಟು ವರ್ಷದಿಂದ ಮುಂದೆಯೇ ಇತ್ತೆಂದರೆ, ವಿಜ್ಞಾನದ ಟೀಚರ್ ಹತ್ತಿರ ಕಲಿತ ಮಕ್ಕಳು ಕಾಲೇಜನ್ನೂ ಮುಗಿಸಿದ್ದರು. ಟೀಚರ್ ಮಾತ್ರ ಇನ್ನೂ ಪ್ರೊಬೇಷನ್‌ನಲ್ಲೇ!

ಸ್ಟಾಫ್ ರೂಮಿನಲ್ಲಿ ಬೀರು ಸಿಗುವುದು ಖಾಯಂ ಆದವರಿಗಷ್ಟೇ. ಹಾಗಾಗಿ ಪುಸ್ತಕ, ಡಸ್ಟರ್, ಲೋಟ, ಪ್ರಯೋಗದ ಲೋಲಕ ಎಲ್ಲ ಟೀಚರ ಹೆಗಲ ಚೀಲದಲ್ಲೇ. ಮಕ್ಕಳ ಬಾಯಲ್ಲಿ ಅವರು 'ಚೀಲದ ಟೀಚರ್'. ಅದಕ್ಕೇನೂ ಬೇಜಾರಿರಲಿಲ್ಲ. ಆದರೆ ರಜೆ ಬಂತೆಂದರೆ, ಮತ್ತೆ ಕರೆಯುತ್ತಾರೋ ಇಲ್ಲವೋ ಎಂಬ ಭಯ ಕಾಡುತ್ತಿತ್ತು.

ಈ ಸಲ ಟೀಚರ್ ಪಕ್ಕದಲ್ಲಿ ಅವರ ನಾದಿನಿ ಕೂತಿದ್ದಳು. ವಕೀಲೆ, ಹಿಡಿದ ಪಟ್ಟು ಬಿಡುವವಳಲ್ಲ.

"ಸರ್, ಅವಧಿ ಮುಗಿದ ಮೇಲೂ ದುಡಿಸ್ಕೊಂಡಿದ್ದೀರಿ. ಕೆಲಸ ಸರಿಯಿಲ್ಲ ಅಂತ ಒಂದು ದಿನಾನೂ ಹೇಳಿಲ್ಲ. ಅತ್ತಿಗೆ ಅರ್ಜಿ ಕೊಟ್ರೆ ಉತ್ತರಾನೂ ಇಲ್ಲ. ನಾವಿನ್ನು ನ್ಯಾಯಮಂಡಳಿಗೆ ಹೋಗ್ತೀವಿ."

"ಧಾರಾಳವಾಗಿ ಹೋಗಮ್ಮ. ಇವರು ಖಾಯಂ ಅಲ್ಲ ಅಂತ ನಾನೇ ಬಂದು ಹೇಳ್ತೀನಿ."

"ಹೇಳಿ ಸರ್. ಜೊತೆಗೆ ಇದನ್ನೂ ಹೇಳಿಬಿಡಿ. ಹೊಸಬರನ್ನ ಖಾಯಂ ಮಾಡೋ ಮುಂಚೆ ಒಬ್ಬರು ಕೊನೇ ಬೆಂಚಲ್ಲಿ ಕೂತು ಅವರ ಪಾಠ ನೋಡ್ಬೇಕಂತೆ. ಯಾರು ನೋಡ್ಬೇಕು?"

"ಖಾಯಂ ಆದ ಟೀಚರೇ ನೋಡ್ಬೇಕು. ಆ ನಿಯಮ ನಾನೇ ಮಾಡಿದ್ದು," ಸೆಕ್ರೆಟರಿ ಮೀಸೆ ತೀಡಿದರು.

"ಮೊನ್ನೆ ಗಣಿತದ ಮೇಷ್ಟ್ರ ಪಾಠ ಯಾರು ನೋಡಿದ್ರು?"

ಸೆಕ್ರೆಟರಿಯ ಕೈ ಮೀಸೆಯಲ್ಲೇ ನಿಂತಿತು. ಆ ವಾರ ಹಿರಿಯ ಟೀಚರ್‌ಗಳೆಲ್ಲ ತರಬೇತಿಗೆ ಹೋಗಿದ್ದರು. ಅವರು ಬರುವ ತನಕ ಕಾಯಲಾರದೆ, "ನೀವೇ ಕೂತ್ಬಿಡಿ" ಎಂದು ಚೀಲದ ಟೀಚರನ್ನು ಕೊನೇ ಬೆಂಚಿಗೆ ಅಟ್ಟಿದ್ದು ಇದೇ ಸೆಕ್ರೆಟರಿ. ಪಾಠ ನೋಡಿ ಟೀಚರ್ ಒಪ್ಪಿಗೆ ಕೊಟ್ಟಿದ್ದೇ ತಡ, ಗಣಿತದ ಮೇಷ್ಟ್ರು ಖಾಯಂ ಆಗಿಬಿಟ್ಟರು. ಅವಸರ ಇರದೆ ಇರುತ್ತದೆಯೇ? ಗಣಿತದ ಮೇಷ್ಟ್ರು ಸೆಕ್ರೆಟರಿಯ ಸ್ವಂತ ಅಳಿಯ!

"ನಮ್ಮ ಅತ್ತಿಗೆ ಖಾಯಂ ಅಲ್ಲ ಅಂದ್ರೆ," ನಾದಿನಿ ಮೆತ್ತಗೆ ಅಂದಳು, "ನಿಮ್ಮ ಅಳಿಯಂದಿರೂ ಅಲ್ಲ ಸರ್."

ಟೀಚರ್‌ಗೆ ನಗು ಉಕ್ಕಿಬಂತು. ಚೀಲಕ್ಕೆ ಮುಖ ತಗ್ಗಿಸಿ ಕೆಮ್ಮಿದಂತೆ ಮಾಡಿದರು. ಸೆಕ್ರೆಟರಿ ಎದುರಿಗಿದ್ದ ನೀರನ್ನು ಗಟಗಟ ಕುಡಿದರು. ಅಳಿಯನಿಗಾದರೆ ಏನೋ ಒಂದು ಸಮಾಧಾನ ಹೇಳಬಹುದು. ಮನೆಯಲ್ಲಿ ಮಗಳಿದ್ದಾಳಲ್ಲ, ಅವಳ ಹತ್ತಿರ 'ಮುಂದಿನ ಮೀಟಿಂಗ್' ನಡೆಯುವ ಮಾತೇ ಅಲ್ಲ.

"ನಾಳೆ ಬೆಳಿಗ್ಗೆನೇ ಮೀಟಿಂಗ್ ಕರೀತೀನಿ ಟೀಚರ್. ನಿಮ್ಮನ್ನ ಖಾಯಂ ಮಾಡೋದೊಂದೇ ವಿಷಯ. ಬೀರೂ ಕೊಡ್ತೀನಿ."

"ಪ್ರೊಬೇಷನ್ ಮುಗಿದ ದಿನದಿಂದಲೇ ಖಾಯಂ ಅನ್ನಿ ಸರ್," ಎಂದಳು ನಾದಿನಿ. "ನಾಳೆಯಿಂದ ಅಂದ್ರೆ ಮೊನ್ನೆ ಪಾಠ ನೋಡಿದ್ದು ಲೆಕ್ಕಕ್ಕಿಲ್ಲ, ಅಳಿಯಂದಿರು ಇನ್ನೊಂದ್ಸಲ ಪಾಠ ಮಾಡಿ ತೋರಿಸ್ಬೇಕಾಗುತ್ತೆ."

"ಹಾಗೇ ಆಗ್ಲಿ ತಾಯಿ, ಹಾಗೇ ಆಗ್ಲಿ!"

ಇಬ್ಬರೂ ಎದ್ದು ಬಾಗಿಲ ತನಕ ಬಂದಿದ್ದರು. ಹಿಂದಿನಿಂದ ಸೆಕ್ರೆಟರಿ ದನಿ ತಗ್ಗಿಸಿ ಕರೆದರು.

"ಟೀಚರ್, ಒಂದು ಮಾತು. ನಿಜ ಹೇಳಿ, ನಮ್ಮ ಅಳಿಯಂದಿರು ಪಾಠ ಚೆನ್ನಾಗಿ ಮಾಡ್ತಾರಾ?"

ಟೀಚರ್ ಚೀಲವನ್ನು ಹೆಗಲಿಗೇರಿಸಿಕೊಂಡರು.

"ಅದನ್ನ ಖಾಯಂ ಆದವರೇ ಹೇಳ್ಬೇಕಲ್ವಾ ಸರ್? ನಾಳೆ ಮೀಟಿಂಗ್ ಮುಗೀಲಿ, ಹೇಳ್ತೀನಿ."